ಕೆಫೀನ್ ನಿದ್ದೆಯನ್ನು ಓಡಿಸುವುದಿಲ್ಲ, ಮುಚ್ಚಿಡುತ್ತದೆ ಅಷ್ಟೆ

ಪರೀಕ್ಷೆ ಹತ್ತಿರ ಬಂತು ಅಂದರೆ ಕಪ್ಪಿನ ಮೇಲೆ ಕಪ್ಪು ಕಾಫಿ ಕುಡಿದು ರಾತ್ರಿಯಿಡೀ ಓದುವವರು ಎಲ್ಲ ಕಡೆ ಇದ್ದಾರೆ. ಕಣ್ಣು ತೆರೆದೇ ಇರುತ್ತದೆ, ಪುಟಗಳೂ ತಿರುಗುತ್ತವೆ. ಓದಿದ್ದು ತಲೆಯಲ್ಲಿ ನಿಲ್ಲುತ್ತಾ ಅನ್ನುವುದು ಬೇರೆಯೇ ಪ್ರಶ್ನೆ. ಎಚ್ಚರ, ಗಮನ, ನೆನಪು ಮೂರನ್ನೂ ಒಂದೇ ಗಂಟು ಕಟ್ಟಿ ‘ಕಾಫಿ ಕುಡಿದರೆ ತಲೆ ಓಡುತ್ತದೆ’ ಅಂದುಬಿಡುತ್ತೇವೆ. ಗಂಟು ಬಿಚ್ಚಿ ನೋಡಿದರೆ ಕಥೆ ಸ್ವಲ್ಪ ಬೇರೆ ಇದೆ.

ನಾವು ಎಚ್ಚರ ಇದ್ದಷ್ಟು ಹೊತ್ತೂ ಮೆದುಳಿನ ಕೋಶಗಳು ಇಂಧನ ಸುಡುತ್ತಲೇ ಇರುತ್ತವೆ. ಆ ಇಂಧನದ ಹೆಸರು ಎಟಿಪಿ. ಅದು ಒಡೆದಾಗ ಉಳಿಯುವ ಅಡೆನೋಸಿನ್ ಅನ್ನುವ ವಸ್ತು ಬೆಳಗ್ಗೆಯಿಂದ ರಾತ್ರಿವರೆಗೆ ಶೇಖರವಾಗುತ್ತಾ ಹೋಗುತ್ತದೆ, ನರಕೋಶಗಳ ಮೇಲೆ ತನಗಾಗಿಯೇ ಇರುವ ಗ್ರಾಹಕಗಳಿಗೆ, ಅಂದರೆ ಸಂಕೇತ ಹಿಡಿಯುವ ಜಾಗಗಳಿಗೆ, ಅಂಟಿಕೊಳ್ಳುತ್ತದೆ, ಆಗ ಕೋಶಗಳ ಚಟುವಟಿಕೆ ನಿಧಾನವಾಗಿ ನಮಗೆ ಆಕಳಿಕೆ ಬರುತ್ತದೆ. ಕೆಫೀನ್‌ನ ಆಕಾರ ಅಡೆನೋಸಿನ್‌ಗೆ ಹತ್ತಿರ. ಹಾಗಾಗಿ ಅವನ ಕುರ್ಚಿಯಲ್ಲಿ ಇವನು ಬಂದು ಕೂತಂತೆ, ಅದೇ ಗ್ರಾಹಕವನ್ನು ಹಿಡಿದುಕೊಳ್ಳುತ್ತದೆ. ಕೆಲಸ ಮಾತ್ರ ಏನೂ ಮಾಡುವುದಿಲ್ಲ, ಸುಮ್ನೆ ಕೂತಿರುತ್ತದೆ. ಅಡೆನೋಸಿನ್ ಎಲ್ಲಿಗೂ ಹೋಗಿರುವುದಿಲ್ಲ, ಪಕ್ಕದಲ್ಲೇ ಜಾಸ್ತಿಯಾಗುತ್ತಿರುತ್ತದೆ. ಕೆಫೀನ್ ಜಾಗ ಬಿಟ್ಟ ಮೇಲೆ ಬರುವ ಸುಸ್ತಿನಲ್ಲಿ ಇದರ ಪಾಲೂ ಇದೆ.

ಗಮನದ ವಿಷಯದಲ್ಲಿ ಕೆಫೀನ್‌ಗೆ ಒಳ್ಳೆಯ ಅಂಕ ಕೊಡಲೇಬೇಕು, ಅದರಲ್ಲೂ ನಿದ್ದೆಗೆಟ್ಟವರ ಲೆಕ್ಕದಲ್ಲಿ. ಅಮೆರಿಕದ ನೌಕಾಪಡೆಯ ಸೀಲ್ ಅನ್ನುವ ವಿಶೇಷ ದಳಕ್ಕೆ ಸೇರಲು ಬಂದವರಿಗೆ ಒಂದು ಭಯಂಕರ ವಾರ ಇರುತ್ತದೆ: ಚಳಿ, ದಣಿವು, ನಿದ್ದೆಯಂತೂ ಇಲ್ಲವೇ ಇಲ್ಲ ಅನ್ನುವಷ್ಟು ಕಡಿಮೆ. 2002ರಲ್ಲಿ ಪ್ರಕಟವಾದ ಅಧ್ಯಯನವೊಂದರಲ್ಲಿ ಹೀಗೆ 72 ಗಂಟೆ ನಿದ್ದೆಯಿಲ್ಲದೆ ಕಳೆದ 68 ಜನರಿಗೆ 100, 200 ಅಥವಾ 300 ಮಿಲಿಗ್ರಾಂ ಕೆಫೀನ್, ಕೆಲವರಿಗೆ ಬರೀ ಹುಸಿ ಗುಳಿಗೆ ಕೊಟ್ಟು ನೋಡಿದರು. 200 ಮತ್ತು 300 ಮಿಲಿಗ್ರಾಂ ತೆಗೆದುಕೊಂಡವರು ಕಣ್ಣಿಟ್ಟು ಕಾಯುವ ಕೆಲಸದಲ್ಲಿ, ಥಟ್ಟನೆ ಪ್ರತಿಕ್ರಿಯಿಸುವುದರಲ್ಲಿ ಸ್ಪಷ್ಟವಾಗಿ ಚುರುಕಾದರು. ಬಂದೂಕಿನ ಗುರಿ ಮಾತ್ರ ಇದ್ದಲ್ಲೇ ಇತ್ತು. ಎಚ್ಚರ ಬಂತು, ಕೈಯ ಸ್ಥಿರತೆ ಬರಲಿಲ್ಲ.

ದಿನಾ ಕುಡಿಯುವವರಲ್ಲಿ ಇನ್ನೊಂದು ತೊಡಕಿದೆ. ದೇಹಕ್ಕೆ ಕೆಫೀನ್ ಅಭ್ಯಾಸವಾಗಿಬಿಟ್ಟರೆ, ಅದು ಸಿಗದೆ 12ರಿಂದ 24 ಗಂಟೆ ಕಳೆಯುವಷ್ಟರಲ್ಲಿ ತಲೆನೋವು, ಮಂಕು, ಸಿಡುಕು ಶುರುವಾಗುತ್ತವೆ. ಕೆಫೀನ್ ಮೆದುಳಿನ ರಕ್ತನಾಳಗಳನ್ನು ಸ್ವಲ್ಪ ಕಿರಿದಾಗಿಸುತ್ತದೆ, ಅದು ಇಲ್ಲದಾಗ ಅವು ಹಿಗ್ಗುತ್ತವೆ, ತಲೆ ಸಿಡಿಯುತ್ತದೆ. ರಾತ್ರಿಯೆಲ್ಲ ಕೆಫೀನ್ ಇಲ್ಲದೆ ಕಳೆದು ಬೆಳಗ್ಗೆ ಮೊದಲ ಕಪ್ಪು ಕುಡಿದಾಗ ಸಿಗುವ ಆ ‘ಆಹಾ’ದಲ್ಲಿ ಎಷ್ಟು ಪಾಲು ನಿಜವಾದ ಚುರುಕು, ಎಷ್ಟು ಪಾಲು ಬರೀ ಈ ಮಂಕು ಕಳೆದದ್ದು ಅಂತ ಸಂಶೋಧಕರು ಇನ್ನೂ ಜಗಳ ಆಡುತ್ತಿದ್ದಾರೆ. ನನಗಂತೂ ಎರಡನೆಯದರ ಪಾಲು ನಾವು ಒಪ್ಪಿಕೊಳ್ಳುವುದಕ್ಕಿಂತ ಜಾಸ್ತಿ ಅನ್ನಿಸುತ್ತದೆ.

ಇನ್ನು ನೆನಪು. 2014ರಲ್ಲಿ ಜಾನ್ಸ್ ಹಾಪ್ಕಿನ್ಸ್ ವಿಶ್ವವಿದ್ಯಾಲಯದಲ್ಲಿ ನಡೆದ ಪ್ರಯೋಗವೊಂದು ದೊಡ್ಡ ಸುದ್ದಿಯಾಗಿತ್ತು. ಜನರಿಗೆ ವಸ್ತುಗಳ ಚಿತ್ರ ತೋರಿಸಿದರು, ಆಮೇಲೆ ಕೆಲವರಿಗೆ 200 ಮಿಲಿಗ್ರಾಂ ಕೆಫೀನ್ ಕೊಟ್ಟರು. ಮೊದಲೇ ಕೊಡದೆ ನೋಡಿದ ಮೇಲೆ ಕೊಟ್ಟಿದ್ದೇ ಇಲ್ಲಿನ ಜಾಣತನ. ನೋಡುವಾಗ ಗಮನ ಚೆನ್ನಾಗಿತ್ತು, ಅದಕ್ಕೇ ನೆನಪಿತ್ತು ಅಂತ ಯಾರೂ ಹೇಳುವಂತಿರಲಿಲ್ಲ. ಮರುದಿನ ಹಳೆಯ ಚಿತ್ರ, ಹೊಸ ಚಿತ್ರ, ಜೊತೆಗೆ ಹಳೆಯದರ ಹಾಗೇ ಕಾಣುವ ಆದರೆ ಅದಲ್ಲದ ಚಿತ್ರ ಎಲ್ಲ ಬೆರೆಸಿ ತೋರಿಸಿದಾಗ, ಕೆಫೀನ್ ತೆಗೆದುಕೊಂಡವರು ಈ ಮೂರನೇ ಬಗೆಯನ್ನು ಹೆಚ್ಚು ಚೆನ್ನಾಗಿ ಗುರುತಿಸಿದರು. ಪತ್ರಿಕೆಗಳಲ್ಲಿ ‘ಕಾಫಿಯಿಂದ ನೆನಪು ವೃದ್ಧಿ’ ಅಂತ ಬಂದುಬಿಟ್ಟಿತು. ಮುಂದೆ ಬೇರೆಯವರು ಇದನ್ನೇ ಮತ್ತೆ ಮಾಡಿ ನೋಡಿದಾಗ, ಪರಿಣಾಮ ಇದ್ದರೂ ತೀರಾ ಸಣ್ಣದು ಅಂತ ಕಂಡಿತು. ಅದು ಅಷ್ಟು ಸುದ್ದಿಯಾಗಲಿಲ್ಲ. ಜೇನುನೊಣಗಳಲ್ಲಿ ಮಾತ್ರ ಫಲಿತಾಂಶ ಗಟ್ಟಿಯಾಗಿದೆ: ಕಾಫಿ ಮತ್ತು ನಿಂಬೆ ಜಾತಿಯ ಗಿಡಗಳ ಮಕರಂದದಲ್ಲಿ ಚೂರು ಕೆಫೀನ್ ಇರುತ್ತದೆ, ಅದು ಬೆರೆತ ಸಿಹಿ ಕುಡಿದ ನೊಣಗಳಲ್ಲಿ ಮರುದಿನವೂ ಆ ಪರಿಮಳ ನೆನಪಿಟ್ಟುಕೊಂಡವುಗಳ ಸಂಖ್ಯೆ ಮೂರು ಪಟ್ಟು ಇತ್ತು ಅಂತ 2013ರಲ್ಲಿ ವರದಿಯಾಯಿತು. ಗಿಡಕ್ಕೂ ಇದರಲ್ಲಿ ಲಾಭ ಅಲ್ವಾ, ಪರಾಗ ಹೊರುವ ಗಿರಾಕಿ ಮತ್ತೆ ಬರುತ್ತಾನೆ.

ಮನುಷ್ಯರಲ್ಲಿ ಹಗಲು ಕಲಿತದ್ದು ಗಟ್ಟಿಯಾಗುವುದು ಬಹುಪಾಲು ನಿದ್ದೆಯಲ್ಲಿ. ಕೆಫೀನ್ ನೆನಪಿಗೆ ಏಟು ಕೊಡುವುದಾದರೆ ಈ ದಾರಿಯಿಂದಲೇ. ಕುಡಿದ ಕೆಫೀನ್‌ನ ಅರ್ಧ ಪಾಲು ರಕ್ತದಿಂದ ಹೋಗಲು ಸಾಮಾನ್ಯವಾಗಿ ಸುಮಾರು 5 ಗಂಟೆ ಬೇಕು, ಅಂದರೆ ಸಂಜೆ 5ಕ್ಕೆ ಕುಡಿದದ್ದರ ಅರ್ಧ ರಾತ್ರಿ 10ಕ್ಕೂ ಒಳಗೇ ಇರುತ್ತದೆ. 2013ರ ಒಂದು ಪ್ರಯೋಗದಲ್ಲಿ ಮಲಗುವ 6 ಗಂಟೆ ಮೊದಲು 400 ಮಿಲಿಗ್ರಾಂ ತೆಗೆದುಕೊಂಡವರ ನಿದ್ದೆ ಒಂದು ಗಂಟೆಗಿಂತ ಜಾಸ್ತಿ ಕಡಿಮೆಯಾಯಿತು. ಇದು ಯಂತ್ರ ಅಳೆದ ಲೆಕ್ಕ. ಅವರೇ ಬರೆದ ನಿದ್ದೆಯ ಡೈರಿಯಲ್ಲಿ ನಷ್ಟ ಅಷ್ಟು ಕಾಣಲಿಲ್ಲ. ‘ನನಗೇನೂ ಆಗಲ್ಲ, ಕಾಫಿ ಕುಡಿದೇ ಮಲಗುತ್ತೇನೆ’ ಅನ್ನುವವರ ಮಾತನ್ನು ಹಾಗಾಗಿ ಪೂರ್ತಿ ನಂಬುವುದು ಕಷ್ಟ.

ವಯಸ್ಸಾದ ಮೇಲೆ ಕೆಫೀನ್ ಮೆದುಳನ್ನು ಕಾಪಾಡುತ್ತಾ? ಹೊನೊಲುಲುವಿನಲ್ಲಿ 8,004 ಜಪಾನಿ ಮೂಲದ ಅಮೆರಿಕನ್ ಗಂಡಸರನ್ನು 30 ವರ್ಷ ಗಮನಿಸಿದ ಅಧ್ಯಯನ 2000ದಲ್ಲಿ ಪ್ರಕಟವಾಯಿತು. ತುಂಬಾ ಕಾಫಿ ಕುಡಿಯುವವರಿಗಿಂತ ಕುಡಿಯದೇ ಇದ್ದವರಲ್ಲಿ ಪಾರ್ಕಿನ್ಸನ್ ಕಾಯಿಲೆ ಸುಮಾರು ಐದು ಪಟ್ಟು ಕಂಡಿತ್ತು. ಕೇಳಲು ಚೆನ್ನಾಗಿದೆ. ಆದರೆ ಕಾಯಿಲೆ ಬಂದವರಿಗೆ ಕೆಫೀನ್ ಗುಳಿಗೆ ಕೊಟ್ಟು ನೋಡಿದ ಪ್ರಯೋಗದ ಫಲಿತಾಂಶ 2017ರಲ್ಲಿ ಬಂದಾಗ ನಡುಕ, ಬಿಗಿತದಂಥ ಲಕ್ಷಣಗಳು ಸುಧಾರಿಸಿರಲಿಲ್ಲ. ಹಾಗಿದ್ದರೂ ಕೆಫೀನ್ ಹಿಡಿಯುವ ಒಂದು ಗ್ರಾಹಕವನ್ನೇ ತಡೆಯುವ ಇಸ್ಟ್ರಾಡೆಫಿಲಿನ್ ಅನ್ನುವ ಔಷಧಿಗೆ ಜಪಾನ್ 2013ರಲ್ಲಿ, ಅಮೆರಿಕ 2019ರಲ್ಲಿ ಪಾರ್ಕಿನ್ಸನ್‌ಗಾಗಿ ಒಪ್ಪಿಗೆ ಕೊಟ್ಟಿವೆ. ಮರೆವಿನ ಕಾಯಿಲೆಯ ಬಗ್ಗೆ ಅಂಕಿ ಅಂಶ ಎರಡೂ ಕಡೆ ಎಳೆಯುತ್ತವೆ. ದಿನಕ್ಕೆ 3ರಿಂದ 5 ಕಪ್ಪು ಕುಡಿದವರಿಗೆ ಅಪಾಯ ಕಡಿಮೆ ಅಂತ ಫಿನ್ಲೆಂಡಿನ 2009ರ ಅಧ್ಯಯನ ಹೇಳಿದರೆ, 6 ಕಪ್ಪು ದಾಟಿದವರಿಗೆ ಅಪಾಯ ಜಾಸ್ತಿ ಅಂತ ಬ್ರಿಟನ್ನಿನ ದತ್ತಾಂಶ ನೋಡಿದವರು 2021ರಲ್ಲಿ ಹೇಳಿದರು. ಎರಡೂ ಜನರನ್ನು ಗಮನಿಸಿ ಬರೆದವು. ಕಾಫಿಯೇ ಕಾರಣ ಅಂತ ಸಾಬೀತು ಮಾಡಿದವಲ್ಲ.

ಆರೋಗ್ಯವಂತ ದೊಡ್ಡವರಿಗೆ ದಿನಕ್ಕೆ 400 ಮಿಲಿಗ್ರಾಂ, ಗರ್ಭಿಣಿಯರಿಗೆ 200 ಮಿಲಿಗ್ರಾಂವರೆಗೆ ತೊಂದರೆಯಿಲ್ಲ ಅಂತ ಯುರೋಪಿನ ಆಹಾರ ಸುರಕ್ಷತಾ ಪ್ರಾಧಿಕಾರ 2015ರಲ್ಲಿ ಹೇಳಿತ್ತು. ಆದರೆ ಕೆಫೀನ್ ಒಡೆಯುವುದರಲ್ಲಿ ಒಬ್ಬೊಬ್ಬರ ಪಿತ್ತಜನಕಾಂಗದ ವೇಗ ಒಂದೊಂದು ಥರ. ಗರ್ಭನಿರೋಧಕ ಗುಳಿಗೆ ತೆಗೆದುಕೊಳ್ಳುವವರಲ್ಲಿ ಕೆಫೀನ್ ಎರಡು ಪಟ್ಟು ಹೊತ್ತು ಉಳಿಯಬಹುದು. ಸಿಗರೇಟು ಸೇದುವವರಲ್ಲಿ ಬೇಗ ಖಾಲಿಯಾಗುತ್ತದೆ, ಹಾಗಾಗಿ ಸಿಗರೇಟು ಬಿಟ್ಟವರಲ್ಲಿ ಮೊದಲಿನಷ್ಟೇ ಕಾಫಿಗೆ ರಕ್ತದಲ್ಲಿ ಕೆಫೀನ್ ಏರಿಬಿಡುತ್ತದೆ. ಬಿಟ್ಟ ಹೊಸದರಲ್ಲಿ ಕೈ ನಡುಗಿದರೆ, ನಿದ್ದೆ ಬಾರದಿದ್ದರೆ ಎಲ್ಲವನ್ನೂ ಸಿಗರೇಟಿನ ಲೆಕ್ಕಕ್ಕೇ ಬರೆಯುವ ಮೊದಲು ದಿನಕ್ಕೆ ಎಷ್ಟು ಕಪ್ಪು ಅಂತಲೂ ಎಣಿಸಿ ನೋಡಿ.