ಒಂದೇ ಶಾಟ್, ಮೂರು ಮಾತು: ಕ್ರಿಸ್ ಮಾರ್ಕರ್ ಟಿಪ್ಪಣಿ

ಕ್ರಿಸ್ ಮಾರ್ಕರ್ (1921–2012) ಫ್ರಾನ್ಸಿನ ಸಿನಿಮಾ ನಿರ್ದೇಶಕರು. ಡಾಕ್ಯುಮೆಂಟರಿಗೆ ಪ್ರಯೋಗ ಬೆರೆಸಿದವರು. 1962ರ 'ಲಾ ಜೆಟೆ' ಹೆಚ್ಚೂಕಮ್ಮಿ ಸ್ಟಿಲ್ ಫೋಟೋಗಳಲ್ಲೇ ಮುಗಿಯುತ್ತದೆ. ಅದನ್ನು ನೀವೇ ನೋಡಿಕೊಳ್ಳಿ. ಇಲ್ಲಿ ಬರೆಯುತ್ತಿರುವುದು ಒಂದೇ ಸೀನಿನ ಬಗ್ಗೆ.

'ಲೆಟರ್ ಫ್ರಂ ಸೈಬೀರಿಯಾ' ಚಿತ್ರದ್ದು. ಯಾಕುಟ್ಸ್ಕ್ ಊರಿನ ಬೀದಿ. ಬಸ್ಸು, ಕಾರು, ರಸ್ತೆ ಕೆಲಸದವರು, ದಾರಿಯಲ್ಲಿ ಹೋಗುವ ಒಬ್ಬ ಮನುಷ್ಯ. ಇದೇ ದೃಶ್ಯ ಮೂರು ಸಲ ಬರುತ್ತದೆ, ಪ್ರತಿ ಸಲ ಹಿನ್ನೆಲೆಯಲ್ಲಿ ಕೇಳುವ ಮಾತು ಬೇರೆ. ಒಂದರಲ್ಲಿ ಸೋವಿಯತ್ ಹೊಗಳಿಕೆ, ಇನ್ನೊಂದರಲ್ಲಿ ತೆಗಳಿಕೆ, ಮೂರನೆಯದರಲ್ಲಿ ಯಾವ ಕಡೆಗೂ ವಾಲದ ವರದಿ.

ಮೂರನೆಯದೇ ಸತ್ಯ ಅನಿಸುತ್ತದೆ, ಅಲ್ವಾ? ಮಾರ್ಕರ್ ಅದನ್ನೂ ಒಪ್ಪುವುದಿಲ್ಲ. ತಲೆ ಕೆಡುವುದು ಇಲ್ಲೇ. ಕೋಲಾರದ ನಮಗೆ ಕೆಜಿಎಫ್ ಪಕ್ಕದಲ್ಲೇ ಇದೆ, ಅಲ್ಲಿಟ್ಟು ನೋಡೋಣ.

ಮೊಬೈಲಲ್ಲಿ ಅರ್ಧ ನಿಮಿಷದ ಶಾಟ್. ಹಿಂದೆ ಸೈನೈಡ್ ದಿಬ್ಬ, ಗಾಳಿಗೆ ಏಳುವ ಪುಡಿ. ಮುಂದೆ ಟಿವಿಎಸ್ ಎಕ್ಸ್‌ಎಲ್ ಮೇಲೆ ಒಬ್ಬರು, ಮೂಗಿಗೆ ಕರ್ಚೀಫು.

ಮೊದಲ ಮಾತು: "1902ರಲ್ಲೇ ಶಿವನಸಮುದ್ರದಿಂದ ಕರೆಂಟು ಕಂಡ ಊರಿದು. ಇಲ್ಲಿಯವರ ಠೀವಿ ಇವತ್ತಿಗೂ ಹೋಗಿಲ್ಲ."

ಎರಡನೆಯದು: "ಚಿನ್ನ ಹೋಯಿತು, ಧೂಳು ಉಳಿಯಿತು. ಮೂಗು ಮುಚ್ಚದೆ ಓಡಾಡೋ ಹಾಗಿಲ್ಲ."

ಮೂರನೆಯದು: "ಗಣಿ 2001ರಲ್ಲಿ ಮುಚ್ಚಿತು. ಹಿಂದೆ ಕಾಣುವುದು ಚಿನ್ನ ತೆಗೆದ ಮೇಲೆ ಉಳಿದ ಅದಿರಿನ ಪುಡಿ. ಒಬ್ಬರು ಗಾಡಿಯಲ್ಲಿ ಹೋಗುತ್ತಿದ್ದಾರೆ."

ಇದರಲ್ಲಿ ಸುಳ್ಳು ಒಂದೂ ಇಲ್ಲ. ಆದರೆ 'ಮುಚ್ಚಿತು' ಅಂತ ಶುರು ಮಾಡಿದ ಕೂಡಲೇ ಗಾಡಿಯಲ್ಲಿರುವವರು ಕೆಲಸ ಕಳೆದುಕೊಂಡವರ ಹಾಗೆ ಕಾಣುತ್ತಾರೆ. ಅವರು ಮಾರಿಕುಪ್ಪಂನಲ್ಲಿ ಬೆಂಗಳೂರಿನ ರೈಲು ಹಿಡಿಯಲು ಹೊರಟಿರಬಹುದು. ಮಗಳಿಗೆ ಊಟದ ಡಬ್ಬಿ ಕೊಡಲು ಹೊರಟಿರಬಹುದು. 2001 ಅನ್ನುವ ಇಸವಿಯನ್ನು ಆರಿಸಿದ್ದು ನಾವು. ಹೊಗಳುವವರು, ಬೈಯುವವರು ಮಾತಾಡಿದರೆ ಕೇಳುವವರು ಹುಷಾರಾಗಿರುತ್ತಾರೆ. ವರದಿಯ ದನಿಗೆ ಸುಮ್ನೆ ತಲೆಯಾಡಿಸುತ್ತಾರೆ. ಆರಿಸಿದವರು ಯಾರು ಅಂತ ಅದು ಹೇಳುವುದೇ ಇಲ್ಲವಲ್ಲ! ನನ್ನ ಲೆಕ್ಕದಲ್ಲಿ ಮೂರರಲ್ಲಿ ಜಾಸ್ತಿ ಅಪಾಯದ್ದು ಇದೇ.

ವಿಮರ್ಶಕ ಆಂದ್ರೆ ಬಜಾನ್ ಈ ಚಿತ್ರದ ಬಗ್ಗೆ ಬರೆಯುತ್ತಾ ಹೇಳಿದ್ದೂ ಇದಕ್ಕೆ ಹತ್ತಿರ. ಮಾಮೂಲಿ ಎಡಿಟಿಂಗ್‌ನಲ್ಲಿ ಶಾಟ್ ಪಕ್ಕ ಶಾಟ್ ಕೂತು ಅರ್ಥ ಹುಟ್ಟುತ್ತದೆ. ಇಲ್ಲಿ ಕಿವಿಗೆ ಬಿದ್ದದ್ದು ಕಣ್ಣು ನೋಡುವುದನ್ನು ಬದಲಿಸುತ್ತದೆ.

ಅಭ್ಯಾಸಕ್ಕೆ: ಹಾಳೆಯ ಎಡಕ್ಕೆ ಶಾಟ್, ಬಲಕ್ಕೆ ಮಾತು ಬರೆಯಿರಿ. ದಿಬ್ಬ ಕಾಣುವಾಗ 'ಇದು ದಿಬ್ಬ' ಅಂತ ಬಲಕ್ಕೆ ಬಂದಿದ್ದರೆ ಹೊಡೆದುಹಾಕಿ.

ಹಾಗಾದರೆ ಮಾತು ಹೇಗಿರಬೇಕು? ಮಾರ್ಕರ್ ಹಿಡಿದ ದಾರಿ ಕಾಗದದ್ದು. 1983ರ 'ಸಾನ್ ಸೊಲೇ'ಯಲ್ಲಿ ಕಲ್ಪಿತ ಕ್ಯಾಮೆರಾಮನ್ ಬರೆದ ಕಾಗದಗಳನ್ನು ಹೆಂಗಸೊಬ್ಬಳು ಓದುತ್ತಾಳೆ. ಪಾಯಲ್ ಕಪಾಡಿಯಾ ಅವರ 2021ರ 'ಎ ನೈಟ್ ಆಫ್ ನೋಯಿಂಗ್ ನಥಿಂಗ್'ನಲ್ಲೂ ವಿದ್ಯಾರ್ಥಿನಿಯ ಕಾಗದಗಳಿವೆ. ಕಾಗದ ಅಂದರೆ ಬರೆದವರು ಒಬ್ಬರು ಇದ್ದೇ ಇರುತ್ತಾರೆ. ಮೂರನೇ ಮಾತನ್ನು ಹೀಗೆ ತಿರುಗಿಸಿ: "ಅಕ್ಕಾ, ದಿಬ್ಬದ ಹತ್ತಿರ ಹೋಗಿದ್ದೆ. ಒಬ್ಬರು ಗಾಡಿ ಮೇಲೆ ಹೋದರು. ಎಲ್ಲಿಗೆ ಅಂತ ಕೇಳೋಣ ಅನ್ನೋಷ್ಟರಲ್ಲಿ ದಾಟಿಬಿಟ್ಟರು." ಈಗ ನಮಗೆ ಗೊತ್ತಿಲ್ಲದ್ದೂ ಚಿತ್ರದೊಳಗೆ ಬಂತು. ಸಂಗೀತ ಮಾತ್ರ ಇನ್ನೂ ಹಾಕಬೇಡಿ. ಒಂದು ಪಿಟೀಲು ಸೇರಿಸಿದರೆ ಸಾಕು, ಎರಡನೇ ಮಾತಿಗೇ ವಾಪಸ್.