ಬರೆ ಜರಿಯುವುದು ಭಾರಕ್ಕೋ, ನೀರಿಗೋ?

ಕೊಡಗಿನ ಕಾಫಿ ತೋಟಗಳಲ್ಲಿ ಮಳೆ ರಿಜಿಸ್ಟರ್ ಇಡುವ ಪದ್ಧತಿ ಹಳೆಯದು. ಕಾಫಿ ಹೂ ಅರಳಿಸುವ ಹೂಮಳೆ ಯಾವತ್ತು ಬಂತು, ಕಕ್ಕಡದಲ್ಲಿ (ಜುಲೈ-ಆಗಸ್ಟಿನ ಮಳೆ ತಿಂಗಳಲ್ಲಿ) ಎಷ್ಟು ಹೊಯ್ದಿತು ಎಂದು ಕೇಳಿ ನೋಡಿ, ಪುಟ ತಿರುವಿ ಇಂಚು-ಸೆಂಟಿನಲ್ಲಿ (ಸೆಂಟು ಎಂದರೆ ಇಂಚಿನ ನೂರನೇ ಒಂದು ಪಾಲು) ಹೇಳುತ್ತಾರೆ. ಆದರೆ 2018ರ ಆಗಸ್ಟಿನಲ್ಲಿ ಮಕ್ಕಂದೂರು, ಮುಕ್ಕೋಡ್ಲು, ಜೋಡುಪಾಲದ ಕಡೆ ಬರೆಗಳು, ಅಂದರೆ ಗುಡ್ಡದ ಕಡಿದಾದ ಇಳಿಜಾರುಗಳು, ಯಾಕೆ ಜರಿದವು ಎಂದು ಕೇಳಿದರೆ ಬಹುತೇಕರ ಉತ್ತರ ಒಂದೇ: ‘ನೀರು ಕುಡಿದು ಮಣ್ಣು ಭಾರವಾಯಿತು, ತಡೆಯಲಾರದೆ ಇಳಿಯಿತು.’

ಕೇಳಲು ಸರಿಯಾಗಿಯೇ ಇದೆ. ಅಂಕಿ ಹಾಕಿ ನೋಡಿದರೆ ಮಾತ್ರ ನಿಲ್ಲುವುದಿಲ್ಲ. ನಿಸರ್ಗ ವಿಜ್ಞಾನದಲ್ಲಿ ಗಣಿತಕ್ಕೇನು ಕೆಲಸ ಎಂದು ಕೇಳುವವರಿಗೆ ತೋರಿಸಲು ನಮ್ಮ ಬರೆಗಿಂತ ಒಳ್ಳೆಯ ಉದಾಹರಣೆ ಬೇಕಿಲ್ಲ.

30 ಡಿಗ್ರಿ ಇಳಿಜಾರು ಇದೆ ಎಂದುಕೊಳ್ಳಿ. ಅಂದರೆ ಒಂದು ಮೀಟರ್ ಅಡ್ಡಕ್ಕೆ 58 ಸೆಂ.ಮೀ. ಇಳಿತ, ಉದ್ದ ಪಟ್ಟಿ, ರಸಮಟ್ಟ, ಟೇಪು ಇದ್ದರೆ ಅಳೆಯಬಹುದು. ಮೇಲೆ 2 ಮೀಟರ್ ದಪ್ಪ ಮಣ್ಣು, ಅದರ ಕೆಳಗೆ ಗಟ್ಟಿ ಪದರ. ಮಣ್ಣು ಘನ ಮೀಟರಿಗೆ 1.8 ಟನ್ ತೂಗುತ್ತದೆ. ಅದರ ಘರ್ಷಣೆಯ ಕೋನ (ಅಂಟೂ ನೀರೂ ಇಲ್ಲದಿದ್ದರೆ ಮಣ್ಣು ಜಾರದೆ ನಿಲ್ಲುವ ಗರಿಷ್ಠ ಇಳಿಜಾರು) 30 ಡಿಗ್ರಿ, ಅಂಟು (ಕಣಗಳು ಒಂದನ್ನೊಂದು ಹಿಡಿದುಕೊಳ್ಳುವ ಬಲ) ಚದರ ಮೀಟರಿಗೆ ಅರ್ಧ ಟನ್. ಇವು ಉದಾಹರಣೆಗೆ ಹಿಡಿದ ಅಂಕಿಗಳು, ನಿಮ್ಮ ಬರೆಯದು ಬೇರೆ ಇರುತ್ತದೆ.

ಮಣ್ಣನ್ನು ಕೆಳಕ್ಕೆ ಎಳೆಯುವ ಬಲ: ತೂಕ (2 × 1.8 = 3.6 ಟನ್) × ಸೈನ್ 30 × ಕಾಸ್ 30. ಅಂದರೆ 3.6 × 0.433, ಜಾರುವ ಪದರದ ಪ್ರತಿ ಚದರ ಮೀಟರಿಗೆ 1.56 ಟನ್. ಹಿಡಿದು ನಿಲ್ಲಿಸುವ ಬಲದಲ್ಲಿ ಎರಡು ಪಾಲು. ಒಂದು ಘರ್ಷಣೆ: ಮಣ್ಣು ಗಟ್ಟಿ ಪದರವನ್ನು ಒತ್ತುವ ಬಲ (3.6 × 0.75 = 2.7 ಟನ್) ಗುಣಿಸು ಟ್ಯಾನ್ 30, ಅಂದರೆ 1.56. ಇನ್ನೊಂದು ಅಂಟು, 0.5. ಒಟ್ಟು 2.06. ಹಿಡಿತವನ್ನು ಎಳೆತದಿಂದ ಭಾಗಿಸಿದರೆ 1.32. ಇದನ್ನು ಸುರಕ್ಷತಾ ಅಂಕ ಎನ್ನುತ್ತೇವೆ. ಒಂದಕ್ಕಿಂತ ಮೇಲಿದ್ದರೆ ಬರೆ ನಿಲ್ಲುತ್ತದೆ, ಕೆಳಗಿಳಿದರೆ ಜರಿಯುತ್ತದೆ.

ಈಗ ‘ಭಾರವಾಯಿತು’ ಎಂಬ ವಾದವನ್ನು ಪರೀಕ್ಷಿಸೋಣ. ಮಣ್ಣು ನೀರು ಕುಡಿದು ಶೇ 10ರಷ್ಟು ಭಾರವಾಯಿತು, ಬೇರೇನೂ ಬದಲಾಗಲಿಲ್ಲ ಎನ್ನೋಣ. ಎಳೆತ 1.72ಕ್ಕೆ ಏರಿತು. ಆದರೆ ಅದೇ ಭಾರ ಗಟ್ಟಿ ಪದರವನ್ನೂ ಹೆಚ್ಚು ಒತ್ತುತ್ತದಲ್ಲ, ಘರ್ಷಣೆಯೂ 1.72 ಆಯಿತು. ಅಂಟು ಸೇರಿ 2.22. ಭಾಗಿಸಿದರೆ 1.29. ಅಂದರೆ 1.32 ಇದ್ದದ್ದು 1.29. ಇಷ್ಟಕ್ಕೆ ಗುಡ್ಡ ಇಳಿಯುವುದಿಲ್ಲ. ತೂಕ ಭಾಗಾಕಾರದ ಮೇಲೂ ಇದೆ, ಕೆಳಗೂ ಇದೆ. ಬಹುಪಾಲು ಒಂದಕ್ಕೊಂದು ಹೊಡೆದುಹೋಗುತ್ತದೆ.

ಹೊಡೆದುಹೋಗದೆ ಉಳಿಯುವುದು ಮಣ್ಣಿನ ಕಣಗಳ ಸಂದಿಯಲ್ಲಿ ನಿಂತ ನೀರಿನ ಒತ್ತಡ. ಅದು ಮಣ್ಣನ್ನು ಗಟ್ಟಿ ಪದರದಿಂದ ಮೇಲಕ್ಕೆ ಎತ್ತುತ್ತದೆ, ಒತ್ತುವ ಬಲದಲ್ಲಿ ಕಳೆದುಹೋಗುತ್ತದೆ. ಎಳೆತವನ್ನು ಮುಟ್ಟುವುದೇ ಇಲ್ಲ. ನೀರು ಮೇಲ್ಮೈವರೆಗೆ ತುಂಬಿ ಇಳಿಜಾರಿನ ದಿಕ್ಕಿನಲ್ಲೇ ಹರಿಯುತ್ತಿದ್ದರೆ ಆ ಒತ್ತಡ ಚದರ ಮೀಟರಿಗೆ 1.5 ಟನ್ (2 ಮೀಟರ್ ನೀರು × 0.75). 2.7ರಲ್ಲಿ 1.5 ಕಳೆದರೆ 1.2, ಅದರ ಘರ್ಷಣೆ 0.69; ಅಂಟು ಸೇರಿ 1.19. ಸುರಕ್ಷತಾ ಅಂಕ 0.76. ಬರೆ ಅಷ್ಟರೊಳಗೆ ಎಂದೋ ಹೋಗಿರುತ್ತದೆ. ತಮಾಷೆಯೆಂದರೆ, ಈ ತುಂಬಿದ ಸ್ಥಿತಿಯಲ್ಲಿ ಶೇ 10 ಹೆಚ್ಚಿನ ತೂಕವನ್ನೂ ಸೇರಿಸಿ ಲೆಕ್ಕ ಹಾಕಿದರೆ ಅಂಕ 0.79ಕ್ಕೆ ಏರುತ್ತದೆ. ಭಾರ ಇಲ್ಲಿ ಅಪರಾಧಿಯಲ್ಲ, ಚೂರು ಸಹಾಯವನ್ನೇ ಮಾಡುತ್ತಿದೆ.

ಘರ್ಷಣೆ ಮತ್ತು ಅಂಟು ಎಂಬ ಈ ವಿಂಗಡಣೆ ಫ್ರೆಂಚ್ ಸೇನೆಯ ಎಂಜಿನಿಯರ್ ಕುಲೊಂ 1773ರಲ್ಲಿ ಮಂಡಿಸಿದ್ದು. ಕೆರಿಬಿಯನ್ನಿನ ಮಾರ್ಟಿನಿಕ್ ದ್ವೀಪದಲ್ಲಿ ಕೋಟೆ ಕಟ್ಟಿಸಿ ಬಂದವರು ಅವರು. ನೀರಿನ ಒತ್ತಡವನ್ನು ಹೀಗೆ ಕಳೆಯಬೇಕು ಎಂದು ತೋರಿಸಿದ್ದು 1920ರ ದಶಕದಲ್ಲಿ ಕಾರ್ಲ್ ತೆರ್ಜಾಗಿ. ಇಬ್ಬರೂ ಮಡಿಕೇರಿ ಬಳಿಯ ಗಾಳಿಬೀಡಿನ ಬರೆ ಕಂಡವರಲ್ಲ. ಸಮೀಕರಣ ಮಾತ್ರ ಇಲ್ಲಿಗೂ ಹೊಂದುತ್ತದೆ, ಯಾಕೆಂದರೆ ಊರಿಂದೂರಿಗೆ ಬದಲಾಗುವುದು ಅಂಟು, ಕೋನ, ಆಳದ ಅಂಕಿಗಳಷ್ಟೇ. ಅವುಗಳ ನಡುವಿನ ಸಂಬಂಧ ಅದೇ.

ಆ ಅಂಕಿಗಳನ್ನು ತೆಗೆಯುವಲ್ಲೇ ಹೆಚ್ಚು ತಪ್ಪಾಗುವುದು. ಬೇಸಿಗೆಯಲ್ಲಿ ಮೇಲಿನ ಅರ್ಧ ಅಡಿ ಮಣ್ಣು ಕೆರೆದು ಚೀಲದಲ್ಲಿ ಪ್ರಯೋಗಾಲಯಕ್ಕೆ ಕಳಿಸಿದರೆ ಬರುವ ಉತ್ತರಕ್ಕೆ ಬೆಲೆಯಿಲ್ಲ. ಜಾರುವ ಆಳದಿಂದ, ಕದಡದಂತೆ, ಕೊಳವೆಯಲ್ಲಿ ಮಾದರಿ ತೆಗೆದು, ಪೂರ್ತಿ ನೆನೆಸಿ ಪರೀಕ್ಷಿಸಬೇಕು. ಒಣ ಮಣ್ಣಿನಲ್ಲಿ ಕಣಗಳ ನಡುವಿನ ತೆಳು ತೇವ ಅವನ್ನು ಎಳೆದು ಹಿಡಿದಿರುತ್ತದೆ, ಅಂಟು ಇರುವುದಕ್ಕಿಂತ ಹೆಚ್ಚು ಕಾಣುತ್ತದೆ. ಜನವರಿಯಲ್ಲಿ ಹೋಂಸ್ಟೇಗೆಂದು ಜೆಸಿಬಿಯಲ್ಲಿ ಕಡಿದ ಬರೆ ಗೋಡೆಯಂತೆ ನೆಟ್ಟಗೆ ನಿಂತು, ಜುಲೈಯಲ್ಲಿ ಅಂಗಳಕ್ಕೆ ಬೀಳುವುದು ಇದೇ ಕಾರಣಕ್ಕೆ. ಕಡಿಯುವುದರಿಂದ ಇಳಿಜಾರೂ ಹೆಚ್ಚುತ್ತದೆ: ಅದೇ ಮಣ್ಣು 40 ಡಿಗ್ರಿಯಲ್ಲಿದ್ದರೆ ಹನಿ ನೀರಿಲ್ಲದೆಯೂ ಸುರಕ್ಷತಾ ಅಂಕ 0.97.

ಮಣ್ಣಿನ ಅಂಟನ್ನೂ ಘರ್ಷಣೆಯ ಕೋನವನ್ನೂ ನಾವು ಬದಲಿಸಲಾರೆವು. ಕೈಯಲ್ಲಿರುವುದು ನೀರು. ಬರೆಯ ತಲೆಯ ಮೇಲೆ ಚರಂಡಿ ತೆಗೆದು ನೀರನ್ನು ತೋಡಿಗೆ ತಿರುಗಿಸುವುದು ಮೊದಲ ಕೆಲಸ. ಕಡಿದಾದ ಬರೆಯ ನೆತ್ತಿಯಲ್ಲಿ ಇಂಗು ಗುಂಡಿ ತೆಗೆಯುವುದು ನನ್ನ ಪ್ರಕಾರ ಅಪಾಯವನ್ನು ಕರೆದು ಕೂರಿಸಿದಂತೆ; ಸಮತಟ್ಟಿನಲ್ಲಿ ಅದು ಒಳ್ಳೆಯದೇ.

ಚರಂಡಿಯ ಲೆಕ್ಕ ನಮ್ಮ ಹಳೆಯ ಅಳತೆಯಲ್ಲೇ ಸಲೀಸು. ಒಂದು ಎಕರೆಗೆ ಗಂಟೆಗೆ ಒಂದು ಇಂಚು ಮಳೆ ಎಂದರೆ ಸೆಕೆಂಡಿಗೆ ಒಂದು ಘನ ಅಡಿ, ಒಂದು ಕ್ಯೂಸೆಕ್. ವ್ಯತ್ಯಾಸ ಶೇ 1ಕ್ಕಿಂತ ಕಡಿಮೆ. ಮೇಲ್ಗಡೆ 5 ಎಕರೆ, ಗಂಟೆಗೆ 2 ಇಂಚು, ಅರ್ಧ ಹರಿದು ಬರುತ್ತದೆ ಎಂದರೆ 5 ಕ್ಯೂಸೆಕ್. ಒಂದು ಅಡಿ ವ್ಯಾಸದ ಮೋರಿ ಪೈಪಿನಲ್ಲಿ ನೀರು ಸೆಕೆಂಡಿಗೆ 5 ಅಡಿ ಓಡಿದರೂ 4 ಕ್ಯೂಸೆಕ್ ದಾಟುವುದಿಲ್ಲ. ‘ಎರಡು ಅಡಿ ಪೈಪ್ ಸಿಗಲಿಲ್ಲ, ಒಂದಡಿಯದ್ದು ಎರಡು ಹಾಕಿದ್ದೇವೆ ಸಾರ್, ಅಲ್ಲಿಗಲ್ಲಿಗೆ ಸರಿಹೋಯಿತು’ ಎನ್ನುವ ಮೇಸ್ತ್ರಿಗಳಿದ್ದಾರೆ. ಸರಿಹೋಗುವುದಿಲ್ಲ. ವ್ಯಾಸ ಇಮ್ಮಡಿಯಾದರೆ ಅದೇ ಇಳಿಜಾರಿನಲ್ಲಿ ಹರಿವು ಆರು ಪಟ್ಟಿಗೂ ಹೆಚ್ಚು. ಮೇಲಾಗಿ ಸಣ್ಣ ಪೈಪಿಗೆ ಸಿಲ್ವರ್ ಓಕಿನ ಎಲೆಗಳು ಸಾಕು, ಕಟ್ಟಿಕೊಳ್ಳಲು.

ತಡೆಗೋಡೆಯಲ್ಲೂ ಇದೇ ಕತೆ. 3 ಮೀಟರ್ ಎತ್ತರದ ಗೋಡೆಯ ಮೇಲೆ ಒಣ ಮಣ್ಣು, ಮೇಲಿನ ಅಂಕಿಗಳಲ್ಲೇ ಅಂಟನ್ನು ಬಿಟ್ಟು ಲೆಕ್ಕ ಹಾಕಿದರೆ, ಪ್ರತಿ ಮೀಟರ್ ಉದ್ದಕ್ಕೆ 2.7 ಟನ್ ಒತ್ತುತ್ತದೆ. ಹಿಂದೆ ನೀರು ತುಂಬಿದರೆ ಸುಮಾರು 6 ಟನ್. ಅದರಲ್ಲಿ ನಾಲ್ಕೂವರೆ ಬರೀ ನೀರಿನದು. ಗೋಡೆಯ ದಪ್ಪಕ್ಕೆ ಸಾವಿರಾರು ರೂಪಾಯಿ ಸುರಿದು, ನೀರು ಹೊರಬರುವ ತೂತುಗಳ ಹಿಂದೆ ಜಲ್ಲಿ ತುಂಬದೆ ಬಿಟ್ಟರೆ ಒಂದೆರಡು ಮಳೆಗಾಲದಲ್ಲಿ ಮಣ್ಣು ಕಟ್ಟಿ ತೂತು ಮುಚ್ಚುತ್ತದೆ, ಗೋಡೆ ಹೊಟ್ಟೆ ಬಿಡುತ್ತದೆ.

ಮಳೆ ಮಾಪಕದ ಬಗ್ಗೆಯೂ ಒಂದು ಮಾತು. ಹಳೆಯ 5 ಇಂಚು ವ್ಯಾಸದ ಬಾಯಿಯ ಮಾಪಕದಲ್ಲಿ ಒಂದು ಮಿ.ಮೀ. ಮಳೆ ಎಂದರೆ 12.7 ಮಿ.ಲೀ. ನೀರು. 200 ಚದರ ಸೆಂ.ಮೀ. ಬಾಯಿಯ ಫೈಬರ್ ಮಾಪಕದಲ್ಲಿ 20 ಮಿ.ಲೀ. ಒಂದರ ಅಳತೆ ಗ್ಲಾಸು ಒಡೆದಾಗ ಇನ್ನೊಂದರದ್ದನ್ನು ಬಳಸಿದರೆ ರಿಜಿಸ್ಟರಿನ ಆ ವರ್ಷವೇ ಕೆಟ್ಟಿತು: ಹಳೆಯ ಮಾಪಕದ ನೀರನ್ನು ಹೊಸದರ ಗ್ಲಾಸಿಗೆ ಸುರಿದರೆ 100 ಮಿ.ಮೀ. ಮಳೆ 63 ಎಂದು ತೋರುತ್ತದೆ. ಮಾಪಕವನ್ನು ಮರದ ಎತ್ತರದ ಎರಡು ಪಟ್ಟು ದೂರದಲ್ಲಿಡಬೇಕು. ತೋಟದೊಳಗೆ ಅಂಥ ಜಾಗ ಸಿಗದು, ಕಾಫಿ ಕಣದ ಅಂಚೇ ಗತಿ.

ಆದರೆ ಮೇಲಿನ ಸಮೀಕರಣದಲ್ಲಿ ಮಳೆ ಎಂಬ ಪದವೇ ಇಲ್ಲ, ನೋಡಿದಿರಾ? ಅದು ಕೇಳುವುದು ಮಣ್ಣಿನೊಳಗಿನ ನೀರಿನ ಒತ್ತಡವನ್ನು. ಹತ್ತು ದಿನ ನೆನೆದ ಗುಡ್ಡಕ್ಕೆ ಬೀಳುವ 4 ಇಂಚು, ಒಣಗಿದ ಗುಡ್ಡಕ್ಕೆ ಬೀಳುವ 4 ಇಂಚು ರಿಜಿಸ್ಟರಿನಲ್ಲಿ ಒಂದೇ, ಬರೆಗೆ ಒಂದಲ್ಲ. ಒತ್ತಡವನ್ನು ಅಳೆಯುವುದೂ ಕಷ್ಟವಲ್ಲ. ಗಟ್ಟಿ ಪದರ ಸಿಗುವವರೆಗೆ ಕೈ ಆಗರ್‌ನಲ್ಲಿ (ಕೈಯಿಂದ ತಿರುಗಿಸುವ ಮಣ್ಣು ಕೊರೆಯುವ ಸಾಧನ) ಕೊರೆದು, ಒಂದೂವರೆ ಇಂಚಿನ ಪಿವಿಸಿ ಪೈಪ್ ಇಳಿಸಿ. ಕೆಳಗಿನ ಒಂದು ಅಡಿಗೆ ಮಾತ್ರ ಸಣ್ಣ ತೂತು ಕೊರೆದು ಬಲೆ ಬಟ್ಟೆ ಸುತ್ತಿರಬೇಕು. ಆ ಭಾಗದ ಸುತ್ತ ದಪ್ಪ ಮರಳು, ಅದರ ಮೇಲೆ ನೆಲದವರೆಗೆ ಜೇಡಿಮಣ್ಣು ಗಿಡಿದು ತುಂಬಿ, ಬಾಯಿಗೆ ಮುಚ್ಚಳ ಹಾಕಿ. ಜೇಡಿಮಣ್ಣು ಸಡಿಲವಾದರೆ ಮೇಲಿನ ನೀರು ಪೈಪಿನ ಪಕ್ಕದಿಂದಲೇ ಇಳಿದು ಸುಳ್ಳು ಅಂಕಿ ಬರುತ್ತದೆ. ಬೆಳಿಗ್ಗೆ 8.30ಕ್ಕೆ ಮಳೆ ಅಳೆಯುವಾಗಲೇ ಇದಕ್ಕೂ ದಾರ ಇಳಿಸಿ, ಪೈಪಿನ ತಳದಿಂದ ನೀರು ಎಷ್ಟು ಎತ್ತರ ನಿಂತಿದೆ ಎಂದು ಪಕ್ಕದ ಕಾಲಮಿನಲ್ಲಿ ಬರೆಯಬಹುದು. ನಮ್ಮ ಉದಾಹರಣೆಯ ಬರೆಯಲ್ಲಿ ಆ ಅಂಕಿ 87 ಸೆಂ.ಮೀ. ಮುಟ್ಟಿದರೆ ಹಿಡಿತವೂ ಎಳೆತವೂ ಸಮ. ಅಂಟಿನ ಅಂದಾಜು ತುಸು ತಪ್ಪಿರಲೂಬಹುದಾದ್ದರಿಂದ, ಕೆಳಗೆ ಕಾರ್ಮಿಕರ ಲೈನ್ ಮನೆ ಇದ್ದರೆ 50 ಸೆಂ.ಮೀ.ಗೇ ಜನರನ್ನು ಎಬ್ಬಿಸಿ ಕಳಿಸಬೇಕು. ಬರೆಯ ನೆತ್ತಿಯಲ್ಲಿ ಬಿರುಕು ಕಂಡ ಮೇಲೆ ಯಾರೂ ದಾರ ಹಿಡಿದು ಅಲ್ಲಿಗೆ ಹೋಗಬಾರದು.