ಫ್ರಾನ್ಸ್‌ನ ಸಾಮಾನ್ಯ ಜನರ ಇತಿಹಾಸ: ಯಾವ ಪುಸ್ತಕ, ಯಾವ ಕಡತ?

ಫ್ರಾನ್ಸ್ ಅಂದ ಕೂಡಲೇ ನಮಗೆ ಹೈಸ್ಕೂಲಿನ ಒಂದು ಪಾಠ ನೆನಪಾಗುತ್ತದೆ. 1789, ಬಾಸ್ಟಿಲ್, ಹದಿನಾರನೆಯ ಲೂಯಿ, ಗಿಲೋಟಿನ್, ಆಮೇಲೆ ನೆಪೋಲಿಯನ್. ಪರೀಕ್ಷೆಗೆ ಅಷ್ಟು ಸಾಕು. ಆದರೆ ರೊಟ್ಟಿಗಾಗಿ ಬೀದಿಗಿಳಿದ ಆ ಜನ ಯಾರು? ಎಂಥ ಮನೆಯಲ್ಲಿದ್ದರು? ಮನೆಯಲ್ಲಿ ಯಾವ ಮಾತಾಡುತ್ತಿದ್ದರು? ಪಾಠದಲ್ಲಿ ಇದ್ಯಾವುದೂ ಇರುವುದಿಲ್ಲ. ಇದನ್ನು ಹುಡುಕಿಕೊಂಡು ಹೊರಟವರಿಗಾಗಿ ಈ ಟಿಪ್ಪಣಿ.

ಮೊದಲು ನನ್ನ ತಪ್ಪು ಹೇಳಿಬಿಡುತ್ತೇನೆ. ಎಲ್ಲರೂ ದೊಡ್ಡ ಹೆಸರು ಅನ್ನುತ್ತಾರಲ್ಲ ಅಂತ ನಾನು ಫ್ರೆಂಚ್ ಇತಿಹಾಸಕಾರ ಬ್ರೊದೆಲ್ ಬರೆದ ಮೆಡಿಟರೇನಿಯನ್ ಪುಸ್ತಕದಿಂದ ಶುರು ಮಾಡಿದೆ. ಅದು ಬೆಟ್ಟ, ಬಯಲು, ಸಮುದ್ರಗಳಿಂದ ಶುರುವಾಗುತ್ತದೆ. ಮನುಷ್ಯರು ಬರುವಷ್ಟರಲ್ಲಿ ನಾನು ಪುಸ್ತಕ ಮುಚ್ಚಿಟ್ಟಿದ್ದೆ. ಅದು ಒಳ್ಳೆಯ ಪುಸ್ತಕವೇ, ಆದರೆ ಹೊಸಬರಿಗಲ್ಲ.

ಆಮೇಲೆ ಒಂದು ಅಭ್ಯಾಸ ಮಾಡಿಕೊಂಡೆ. ಯಾವ ಪುಸ್ತಕ ಕೈಗೆತ್ತಿಕೊಂಡರೂ ಮೊದಲ ಪ್ರಶ್ನೆ ಒಂದೇ: ಈ ಲೇಖಕರು ಯಾವ ಕಡತ ಓದಿ ಇದನ್ನು ಬರೆದರು? ಹಿಂದಿನ ಕಾಲದ ರೈತರು, ಕೂಲಿಯವರು, ಮನೆಗೆಲಸದವರು ತಮ್ಮ ಬಗ್ಗೆ ತಾವೇ ಬರೆದಿಟ್ಟದ್ದು ತೀರಾ ಕಡಿಮೆ. ಬೇರೆಯವರು ಅವರ ಬಗ್ಗೆ ಬರೆದುಕೊಂಡದ್ದೇ ಜಾಸ್ತಿ. ತೆರಿಗೆಯವನು ಬರೆದ, ಪಾದ್ರಿ ಬರೆದ, ಕೋರ್ಟಿನ ಗುಮಾಸ್ತ ಬರೆದ. ಹಾಗಾಗಿ ಯಾರು, ಯಾಕೆ ಬರೆದುಕೊಂಡರು ಅನ್ನೋದು ಗೊತ್ತಾಗದೆ ಆ ಪುಸ್ತಕವನ್ನು ಎಷ್ಟು ನಂಬಬೇಕು ಅಂತಲೂ ಗೊತ್ತಾಗುವುದಿಲ್ಲ.

ಶುರು ಮಾಡುವುದಕ್ಕೆ ನನ್ನ ಆಯ್ಕೆ ಮಾರ್ಕ್ ಬ್ಲಾಕ್ ಅವರ ‘ಫ್ರೆಂಚ್ ರೂರಲ್ ಹಿಸ್ಟರಿ’. ಮೂಲ ಫ್ರೆಂಚ್‌ನಲ್ಲಿ ಬಂದದ್ದು 1931ರಲ್ಲಿ. ಅದಕ್ಕೂ ಎರಡು ವರ್ಷ ಮುಂಚೆ, 1929ರಲ್ಲಿ, ಬ್ಲಾಕ್ ಮತ್ತು ಲೂಸಿಯನ್ ಫೆವ್ರ್ ಸೇರಿ ‘ಆನಾಲ್’ ಪತ್ರಿಕೆ ಶುರು ಮಾಡಿದ್ದರು. ರಾಜರು ಮತ್ತು ಯುದ್ಧಗಳ ಇತಿಹಾಸ ಸಾಕು, ಬೆಲೆ, ಬೆಳೆ, ನಂಬಿಕೆಗಳ ಇತಿಹಾಸ ಬೇಕು ಅನ್ನುವುದು ಅವರ ಹಟ. ಈ ಪುಸ್ತಕದಲ್ಲಿ ಬ್ಲಾಕ್ ಓದಿದ ಮುಖ್ಯ ಕಡತ ಹದಿನೆಂಟನೆಯ ಶತಮಾನದ ಹೊಲಗಳ ನಕ್ಷೆ. ಗೊತ್ತಿರುವ ಕಾಲದಿಂದ ಹಿಂದಕ್ಕೆ, ಗೊತ್ತಿಲ್ಲದ ಕಾಲದ ಕಡೆಗೆ ನಡೆಯುವುದು ಅವರ ರೀತಿ.

ಹಳ್ಳಿಯಲ್ಲಿ ಬೆಳೆದವರಿಗೆ ಈ ಪುಸ್ತಕ ಬೇಗ ಹಿಡಿಸುತ್ತದೆ ಅಂತ ನನ್ನ ಅನಿಸಿಕೆ. ಉತ್ತರ ಫ್ರಾನ್ಸ್‌ನ ಹೊಲಗಳು ಉದ್ದುದ್ದ, ಕಿರಿದಾದ ಪಟ್ಟಿಗಳು. ಅಲ್ಲಿ ಗಾಲಿ ಇರುವ ಭಾರದ ನೇಗಿಲು. ಅದನ್ನು ಸಾಲಿನ ಕೊನೆಯಲ್ಲಿ ತಿರುಗಿಸುವುದು ಕಷ್ಟ, ಹಾಗಾಗಿ ಸಾಲು ಉದ್ದ ಇದ್ದಷ್ಟೂ ಒಳ್ಳೆಯದು. ದಕ್ಷಿಣದಲ್ಲಿ ಹಗುರ ನೇಗಿಲು, ಹೊಲಗಳ ಆಕಾರ ಅಡ್ಡಾದಿಡ್ಡಿ. ಪಶ್ಚಿಮದಲ್ಲಿ ಹೊಲದ ಸುತ್ತ ಗಿಡಗಂಟಿಯ ಬೇಲಿ. ಎಲ್ಲಕ್ಕೂ ನೇಗಿಲೇ ಕಾರಣ ಅಂತ ಬ್ಲಾಕ್ ಹೇಳಿ ಮುಗಿಸುವುದಿಲ್ಲ, ಅಲ್ಲೇ ಅವರ ಜಾಣತನ ಇರುವುದು. ಉತ್ತರದಲ್ಲಿ ಕೊಯ್ಲು ಮುಗಿದ ಮೇಲೆ ಕೂಳೆಯ ಹೊಲಕ್ಕೆ ಊರಿನ ಎಲ್ಲರ ದನ ಇಳಿಯಬಹುದಿತ್ತು. ಹೊಲ ನಿನ್ನದೇ ಇರಬಹುದು, ಕೊಯ್ಲಾದ ಮೇಲಿನ ಮೇವು ಊರಿನದು. ಹಾಗಾದರೆ ಪಕ್ಕಪಕ್ಕದ ಪಟ್ಟಿಗಳಲ್ಲಿ ಎಲ್ಲರೂ ಒಂದೇ ಹೊತ್ತಿಗೆ ಬಿತ್ತಿ, ಒಂದೇ ಹೊತ್ತಿಗೆ ಕೊಯ್ಯಬೇಕಲ್ವಾ? ಒಬ್ಬ ಬೇಲಿ ಹಾಕಿದರೆ ಇಡೀ ಏರ್ಪಾಡು ಕೆಡುತ್ತದೆ. ಬೇಲಿ ಅಂದರೆ ಬರೀ ಮುಳ್ಳಲ್ಲ, ಅದೊಂದು ಜಗಳ. ಸ್ವಂತ ಹುಲ್ಲುಗಾವಲು ಇದ್ದವನಿಗೆ ಬೇಲಿ ಲಾಭ. ಒಂದೇ ಹಸು ಇದ್ದವಳಿಗೆ ಕೂಳೆ ಮೇವು ಹೋದರೆ ಹಸುವೂ ಹೋದಂತೆ.

‘ಒಂದೇ ಹಸು ಇದ್ದವಳು’ ಅಂತ ಸುಮ್ನೆ ಬರೆಯಲಿಲ್ಲ. ಆರ್ಥರ್ ಯಂಗ್ ಅಂತ ಇಂಗ್ಲೆಂಡಿನ ಒಬ್ಬ ಕೃಷಿ ಬರಹಗಾರ 1787ರಿಂದ ಫ್ರಾನ್ಸ್ ಸುತ್ತಿದ. 1789ರ ಜುಲೈ 12ರಂದು, ಅಂದರೆ ಬಾಸ್ಟಿಲ್ ಬೀಳಲು ಎರಡು ದಿನ ಇರುವಾಗ, ಮೆಟ್ಜ್ ಕಡೆಯ ದಾರಿಯಲ್ಲಿ ಒಂದು ದಿಣ್ಣೆ ಹತ್ತುತ್ತಿದ್ದ. ಜೊತೆಗೆ ಒಬ್ಬ ಬಡ ಹೆಂಗಸು ನಡೆದು ಬಂದಳು. ನೋಡಿದರೆ ಅರವತ್ತು ಎಪ್ಪತ್ತು ವರ್ಷದವಳ ಹಾಗೆ ಬಾಗಿದ್ದಳು. ವಯಸ್ಸು ಕೇಳಿದರೆ 28 ಅಂದಳು. ಗಂಡನಿಗೆ ಒಂದು ತುಂಡು ಜಮೀನು, ಒಂದು ಹಸು, ಒಂದು ಬಡಕಲು ಕುದುರೆ, ಜೊತೆಗೆ ಏಳು ಮಕ್ಕಳು. ಯಂಗ್ ಪ್ರವಾಸ ಕಥನ ಓದುವಾಗ ಒಂದು ಎಚ್ಚರ ಬೇಕು. ಈತ ಬೇಲಿಯ ದೊಡ್ಡ ಪಕ್ಷಪಾತಿ, ಊರೊಟ್ಟಿನ ಹಕ್ಕುಗಳೆಂದರೆ ಅವನಿಗೆ ಆಗುತ್ತಿರಲಿಲ್ಲ. ಅವಳ ಕಷ್ಟಕ್ಕೆ ಮರುಗಿದವನೂ ಅವನೇ, ಅವಳ ಹಸುವಿನ ಮೇವು ಕಿತ್ತುಕೊಳ್ಳುವ ಸುಧಾರಣೆಗೆ ವಾದ ಮಾಡಿದವನೂ ಅವನೇ. ಬ್ಲಾಕ್ ಪುಸ್ತಕ ಮೊದಲು ಓದಿದ್ದರೆ ಇದು ಕಣ್ಣಿಗೆ ಬೀಳುತ್ತದೆ, ಇಲ್ಲದಿದ್ದರೆ ತಪ್ಪಿಹೋಗುತ್ತದೆ.

ಅದೇ ಬೇಸಿಗೆಯ ಮೇಲೆ ಜಾರ್ಜ್ ಲಫೆವ್ರ್ ಅವರ ‘ದ ಗ್ರೇಟ್ ಫಿಯರ್’ ಇದೆ. ಫ್ರೆಂಚ್‌ನಲ್ಲಿ 1932ರಲ್ಲಿ ಬಂತು. ಇದು ಗಾಳಿಸುದ್ದಿಯ ಇತಿಹಾಸ. 1788ರ ಬೆಳೆ ಕೆಟ್ಟಿತ್ತು. ಪ್ಯಾರಿಸ್‌ನಲ್ಲಿ ಎಂಟು ಒಂಬತ್ತು ಸೂಗೆ (ಸೂ ಅಂದರೆ ಆಗಿನ ಚಿಲ್ಲರೆ ನಾಣ್ಯ) ಸಿಗುತ್ತಿದ್ದ ನಾಲ್ಕು ಪೌಂಡ್ ರೊಟ್ಟಿ 1789ರ ಫೆಬ್ರವರಿ ಹೊತ್ತಿಗೆ ಹದಿನಾಲ್ಕೂವರೆ ಸೂಗೆ ಏರಿತ್ತು. ಕೂಲಿಯವನ ದಿನದ ದುಡಿಮೆ 20ರಿಂದ 30 ಸೂ. ಲೆಕ್ಕ ನೀವೇ ಹಾಕಿ. ಹಳ್ಳಿಗಳಲ್ಲಿ ಅಲೆಯುವ ಭಿಕ್ಷುಕರು ಜಾಸ್ತಿಯಾಗಿದ್ದರು, ಹೊಲದಲ್ಲಿ ಪೈರು ಬಲಿಯುತ್ತಿತ್ತು. ಜುಲೈ 20ರ ಸುಮಾರಿಗೆ ‘ಕಳ್ಳರ ದಂಡು ಬರ್ತಿದೆ, ಪೈರು ಕೊಯ್ದುಕೊಂಡು ಹೋಗ್ತಾರೆ’ ಅನ್ನುವ ಸುದ್ದಿ ಊರಿಂದ ಊರಿಗೆ ಓಡಿತು. ರೊಮಿಯಿ ಹತ್ತಿರ ಸುಮಾರು 3,000 ಜನ ಕಳ್ಳರನ್ನು ಬೆನ್ನಟ್ಟಿ ಹೋದರು. ನೋಡಿದರೆ ದನದ ಮಂದೆ ಎಬ್ಬಿಸಿದ ಧೂಳು! ಲಫೆವ್ರ್ ಇದನ್ನು ನಗೆಗೆ ಬಿಡುವುದಿಲ್ಲ. ಊರೂರಿನ ದಾಖಲೆ ಹುಡುಕಿ, ಸುದ್ದಿ ಯಾವ ಊರಿಂದ ಹೊರಟು ಯಾವ ದಾರಿಯಲ್ಲಿ ಎಲ್ಲಿಗೆ ತಲುಪಿತು ಅಂತ ನಕ್ಷೆ ಹಾಕುತ್ತಾರೆ. ಕಳ್ಳರಿಗೆ ಅಂತ ಎತ್ತಿಕೊಂಡ ಕವೆಗೋಲು, ಕುಡುಗೋಲುಗಳು ಎಷ್ಟೋ ಕಡೆ ಜಮೀನ್ದಾರನ ಮನೆ ಕಡೆ ತಿರುಗಿದವು. ಅಲ್ಲಿ ಜನ ಸುಟ್ಟದ್ದು ಏನು ಗೊತ್ತೇ? ಯಾರು ಎಷ್ಟು ಕೊಡಬೇಕು ಅಂತ ಬರೆದಿಟ್ಟ ಕಡತಗಳನ್ನು. ತಮ್ಮ ಹೆಸರು ಎಲ್ಲಿದೆ, ಅದರಿಂದ ಏನಾಗುತ್ತದೆ ಅನ್ನೋದು ಓದಲು ಬಾರದವರಿಗೂ ಚೆನ್ನಾಗಿ ಗೊತ್ತಿತ್ತು. ಆಗಸ್ಟ್ 4ರ ರಾತ್ರಿ ವರ್ಸೇಲ್ಸ್‌ನಲ್ಲಿ ಸೇರಿದ್ದ ರಾಷ್ಟ್ರೀಯ ಸಭೆ ಜಮೀನ್ದಾರಿ ಹಕ್ಕುಗಳನ್ನು ತೆಗೆದುಹಾಕಲು ಒಪ್ಪಿತು.

ಇನ್ನು ಕೋರ್ಟಿನ ಕಡತಗಳು. ಎಮಾನುಯೆಲ್ ಲ ರುವಾ ಲಾದುರಿ ಅವರ ‘ಮೊಂತಾಯು’ (1975) ಬಹಳ ಮಾರಾಟವಾದ ಪುಸ್ತಕ. ಪಿರನೀಸ್ ಬೆಟ್ಟದ ಸುಮಾರು 250 ಜನರ ಒಂದು ಹಳ್ಳಿ, ಕಾಲ 1300ರ ಆಸುಪಾಸು. ಚರ್ಚ್ ಒಪ್ಪದ ಕಾಥಾರ್ ಪಂಥ ಅಲ್ಲಿ ಇನ್ನೂ ಉಳಿದಿತ್ತು. ಪಾಮಿಯೆಯ ಬಿಷಪ್ ಜಾಕ್ ಫೂರ್ನಿಯೆ 1318ರಿಂದ 1325ರವರೆಗೆ ವಿಚಾರಣೆ ನಡೆಸಿ ಪ್ರತಿ ಮಾತನ್ನೂ ಬರೆಸಿಟ್ಟ. ಆತ ಮುಂದೆ ಪೋಪ್ ಆದ. ಹೇನು ಹೆಕ್ಕುತ್ತ ಕೂತು ಹೆಂಗಸರು ಆಡಿದ ಹರಟೆ, ಊರ ಪಾದ್ರಿಯ ಪ್ರೇಮ ಪ್ರಸಂಗಗಳು, ಕುರುಬ ಪಿಯೆರ್ ಮೋರಿಯ ಅಲೆದಾಟ ಎಲ್ಲವೂ ಅದರಲ್ಲಿವೆ. ಕುರುಬನ ಭಾಗ ನನಗೆ ತುಂಬಾ ಇಷ್ಟ. ಆದರೆ ಕಡತದ ಪ್ರಶ್ನೆ ಇಲ್ಲಿ ಜೋರಾಗಿಯೇ ಕೇಳಬೇಕು. ಆ ಜನ ಮಾತಾಡಿದ್ದು ಜೈಲಿನ ಭಯದಲ್ಲಿ, ಅವರ ಆಕ್ಸಿಟಾನ್ ನುಡಿಯಲ್ಲಿ. ಗುಮಾಸ್ತ ಬರೆದದ್ದು ಲ್ಯಾಟಿನ್‌ನಲ್ಲಿ. ನಾವು ಓದುವುದು ಫ್ರೆಂಚ್‌ನಿಂದ ಇಂಗ್ಲಿಷಿಗೆ ಬಂದದ್ದು, ಅದೂ ಮೂಲಕ್ಕಿಂತ ಚಿಕ್ಕದು. ಕುರುಬನ ದನಿ ಅಂತ ನಾವು ಕೇಳುವುದು ನಾಲ್ಕು ಕೈ ದಾಟಿ ಬಂದ ದನಿ.

ನಟಾಲಿ ಜೆಮನ್ ಡೇವಿಸ್ ಅವರ ‘ದ ರಿಟರ್ನ್ ಆಫ್ ಮಾರ್ಟಿನ್ ಗೆರ್’ (1983) ಚಿಕ್ಕ ಪುಸ್ತಕ, ಒಂದು ಭಾನುವಾರದಲ್ಲಿ ಮುಗಿಯುತ್ತದೆ. ಆರ್ತಿಗಾ ಊರಿನ ಮಾರ್ಟಿನ್ 1548ರಲ್ಲಿ ಮನೆ ಬಿಟ್ಟು ಹೋದ. 1556ರಲ್ಲಿ ಒಬ್ಬ ‘ನಾನೇ ಮಾರ್ಟಿನ್’ ಅಂತ ಬಂದ. ಹೆಂಡತಿ ಬೆರ್ತ್ರಾಂದ್ ಒಪ್ಪಿಕೊಂಡಳು, ಸಂಸಾರ ನಡೆಯಿತು. ಆಸ್ತಿಯ ಲೆಕ್ಕ ಕೇಳಿದ್ದಕ್ಕೆ ಚಿಕ್ಕಪ್ಪನ ಜೊತೆ ಜಗಳ ಹತ್ತಿತು, ವಿಷಯ ಕೋರ್ಟಿಗೆ ಹೋಯಿತು. ಮಾರ್ಟಿನ್ ಕಾಲಿನ ಅಳತೆ ಹನ್ನೆರಡು, ಇವನದು ಒಂಬತ್ತು ಅಂತ ಚಪ್ಪಲಿ ಹೊಲಿಯುವವನು ಸಾಕ್ಷಿ ಹೇಳಿದ. ಆದರೂ ತುಲೂಸ್‌ನ ನ್ಯಾಯಾಧೀಶರು ಇವನನ್ನೇ ನಂಬುವ ಹಂತಕ್ಕೆ ಬಂದಿದ್ದರು. ಅಷ್ಟರಲ್ಲಿ ಮರದ ಕಾಲೂರುತ್ತ ನಿಜವಾದ ಮಾರ್ಟಿನ್ ಬಂದ. 1560ರಲ್ಲಿ ಸುಳ್ಳು ಗಂಡನನ್ನು ಅದೇ ಮನೆಯ ಮುಂದೆ ಗಲ್ಲಿಗೇರಿಸಿದರು. ಬೆರ್ತ್ರಾಂದ್‌ಗೆ ಎಲ್ಲ ಗೊತ್ತಿತ್ತು, ಅವಳು ತಿಳಿದೇ ಅವನ ಜೊತೆ ಬಾಳಿದಳು ಅನ್ನುವುದು ಡೇವಿಸ್ ವಾದ. ಕಡತ ಅಷ್ಟು ಹೇಳುವುದಿಲ್ಲ, ನೀವು ಊಹೆ ಜಾಸ್ತಿ ಮಾಡಿದ್ದೀರಿ ಅಂತ ರಾಬರ್ಟ್ ಫಿನ್ಲೇ 1988ರಲ್ಲಿ ತಕರಾರು ತೆಗೆದರು, ಡೇವಿಸ್ ಉತ್ತರ ಕೊಟ್ಟರು. ನನ್ನ ಒಲವು ಡೇವಿಸ್ ಕಡೆಗೇ, ಆದರೆ ಫಿನ್ಲೇ ಪ್ರಶ್ನೆಗೆ ಉತ್ತರ ಪೂರ್ತಿ ಸಿಕ್ಕಿದೆ ಅಂತ ಹೇಳಲಾರೆ. ಪುಸ್ತಕದ ಜೊತೆಗೇ ಆ ಜಗಳವನ್ನೂ ಓದಿ.

ರಾಬರ್ಟ್ ಡಾರ್ನ್‌ಟನ್ ಅವರ ‘ದ ಗ್ರೇಟ್ ಕ್ಯಾಟ್ ಮ್ಯಾಸಕರ್’ (1984) ಬಗ್ಗೆ ಎರಡು ಮಾತು ಸಾಕು. ಪ್ಯಾರಿಸ್‌ನ ಒಂದು ಛಾಪಖಾನೆಯ ಹುಡುಗರು ಯಜಮಾನಿತಿಯ ಬೆಕ್ಕನ್ನು ಕೊಂದು ಹೊಟ್ಟೆ ಹುಣ್ಣಾಗುವಂತೆ ನಕ್ಕರು. ಇದರಲ್ಲಿ ನಗುವಂಥದ್ದೇನು ಅನ್ನುವುದು ಡಾರ್ನ್‌ಟನ್ ಪ್ರಶ್ನೆ, ಒಳ್ಳೆಯ ಪ್ರಶ್ನೆ. ಆದರೆ ಎಲ್ಲವೂ ನಿಂತಿರುವುದು ಅಲ್ಲೇ ಕೆಲಸ ಮಾಡಿದ ಒಬ್ಬ ವರ್ಷಗಳಾದ ಮೇಲೆ ಬರೆದ ಒಂದೇ ಬರಹದ ಮೇಲೆ.

ಯೂಜೀನ್ ವೆಬರ್ ಅವರ ‘ಪೆಸೆಂಟ್ಸ್ ಇನ್‌ಟು ಫ್ರೆಂಚ್‌ಮೆನ್’ (1976) ದಪ್ಪ ಪುಸ್ತಕ. ಪೂರ್ತಿ ಆಗದಿದ್ದರೆ ಭಾಷೆ ಮತ್ತು ಶಾಲೆಯ ಅಧ್ಯಾಯಗಳನ್ನಾದರೂ ಓದಿ. 1863ರ ಸರ್ಕಾರಿ ಲೆಕ್ಕದಲ್ಲೇ 37,510 ಊರುಗಳ ಪೈಕಿ 8,381ರಲ್ಲಿ ಫ್ರೆಂಚ್ ಆಡುಮಾತಾಗಿರಲಿಲ್ಲ. ಬ್ರೆಟನ್, ಆಕ್ಸಿಟಾನ್, ಬಾಸ್ಕ್ ಹೀಗೆ ಒಂದೊಂದು ಕಡೆ ಒಂದೊಂದು ನುಡಿ. ರಸ್ತೆ, ರೈಲು, ಸೈನ್ಯ, ಶಾಲೆ ಸೇರಿ ಇವರನ್ನೆಲ್ಲ ‘ಫ್ರೆಂಚರು’ ಮಾಡಿದವು ಅನ್ನುವುದು ವೆಬರ್ ವಾದ. ಶಾಲೆಯಲ್ಲಿ ಮನೆಮಾತಾಡಿ ಸಿಕ್ಕಿಬಿದ್ದ ಹುಡುಗನ ಕೈಗೆ ಒಂದು ವಸ್ತು ಕೊಡುತ್ತಿದ್ದರು. ಅವನು ಅದನ್ನು ದಾಟಿಸಬೇಕಾದರೆ ಇನ್ನೊಬ್ಬ ಹಾಗೆ ಮಾತಾಡುವುದನ್ನು ಹಿಡಿದುಕೊಡಬೇಕು. ಸಂಜೆ ಅದು ಯಾರ ಕೈಯಲ್ಲಿದೆಯೋ ಅವನಿಗೆ ಶಿಕ್ಷೆ. ಇಂಗ್ಲಿಷ್ ಮೀಡಿಯಂನಲ್ಲಿ ಕನ್ನಡ ಮಾತಾಡಿ ದಂಡ ಕಟ್ಟಿದ ನನಗೆ ಆ ಪುಟ ದಾಟಲು ಸ್ವಲ್ಪ ಹೊತ್ತು ಬೇಕಾಯಿತು. ಇಲ್ಲೂ ಕಡತ ನೋಡಿ. ವೆಬರ್ ನೆಚ್ಚಿಕೊಂಡವರಲ್ಲಿ ಅಧಿಕಾರಿಗಳು, ಶಾಲಾ ತನಿಖಾಧಿಕಾರಿಗಳು ಬಹಳ. ಹಳ್ಳಿಯವರೆಂದರೆ ಮೂಗು ಮುರಿಯುವವರು ಬರೆದ ವರದಿಯಲ್ಲಿ ಹಳ್ಳಿ ಇದ್ದದ್ದಕ್ಕಿಂತ ಹಿಂದುಳಿದೇ ಕಾಣುತ್ತದೆ.

ಕೊನೆಗೆ ಇಟ್ಟುಕೊಳ್ಳಬೇಕಾದದ್ದು ಅಲಾಂ ಕೊರ್ಬಾಂ ಅವರ ‘ದ ಲೈಫ್ ಆಫ್ ಆನ್ ಅನ್‌ನೋನ್’, ಫ್ರೆಂಚ್‌ನಲ್ಲಿ 1998. ಮೊದಲೇ ಓದಿದರೆ ಇದು ಬೇಸರ ತರಬಹುದು. ಮೊಂತಾಯುವಿನವರೂ ಮಾರ್ಟಿನ್ ಮನೆಯವರೂ ನಮಗೆ ಗೊತ್ತಾದದ್ದು ಕೋರ್ಟಿನ ಕೈಗೆ ಸಿಕ್ಕಿದ್ದರಿಂದ. ಯಾವ ತಂಟೆಗೂ ಹೋಗದೆ ಬದುಕಿ ಸತ್ತವರ ಕಥೆ ಏನು? ಕೊರ್ಬಾಂ ನಾರ್ಮಂಡಿ ಕಡೆಯ ಓರ್ನ್ ಜಿಲ್ಲೆಯ ದಾಖಲೆ ಕಚೇರಿಗೆ ಹೋಗಿ, ಕಣ್ಣುಮುಚ್ಚಿ ಚೀಟಿ ಎತ್ತಿದ ಹಾಗೆ ಎರಡು ಹೆಸರು ಆರಿಸಿದರು. ಒಬ್ಬ ಚಿಕ್ಕ ವಯಸ್ಸಿಗೇ ತೀರಿಕೊಂಡಿದ್ದ, ಅವನನ್ನು ಬಿಟ್ಟರು. ಉಳಿದವನು ಲೂಯಿ ಫ್ರಾಂಸ್ವಾ ಪಿನಾಗೊ. 1798ರಲ್ಲಿ ಹುಟ್ಟಿ 1876ರಲ್ಲಿ ತೀರಿಕೊಂಡ, ಕಾಡಿನ ಅಂಚಿನ ಊರಿನಲ್ಲಿ ಮರದ ಮೆಟ್ಟು ಕೆತ್ತುತ್ತಿದ್ದ, ಓದು ಬರಹ ಬರುತ್ತಿರಲಿಲ್ಲ. ಅವನು ಆಡಿದ ಒಂದು ಮಾತೂ ಎಲ್ಲೂ ದಾಖಲಾಗಿಲ್ಲ.

ಹಾಗಾಗಿ ಕೊರ್ಬಾಂ ಅವನ ಸುತ್ತ ಇದ್ದದ್ದನ್ನು ಬರೆಯುತ್ತಾರೆ. ಕಾಡಿನಲ್ಲಿ ಯಾವ ಸದ್ದು, ಮೆಟ್ಟಿಗೆ ಎಷ್ಟು ದುಡ್ಡು, ನೆಂಟರು ಎಷ್ಟು ದೂರ. 1815ರಲ್ಲಿ ಪ್ರಷ್ಯಾದ ಸೈನಿಕರು ಆ ಸೀಮೆಗೆ ಬಂದಾಗ ಪಿನಾಗೊಗೆ ಹದಿನೇಳು. 1871ರಲ್ಲಿ ಅವರು ಮತ್ತೆ ಬಂದಾಗ ಎಪ್ಪತ್ತೆರಡು. ಎರಡನೆಯ ಸಲ ಬಂದವರನ್ನು ಕಂಡು ಅವನಿಗೆ ಮೊದಲ ಸಲದ್ದು ನೆನಪಾಯಿತೇ, ಆಗ ಏನನ್ನಿಸಿತು, ಅದಕ್ಕೆ ಯಾವ ಕಡತವೂ ಇಲ್ಲ.